ಅಪರಿಚಿತರಿದ್ದಾರೆ, ಎಚ್ಚರಿಕೆ!

ನಮ್ಮ ಕೋಲಾರ ಸೀಮೆಯ ಗೋಮಾಳ ಸವೆಯುತ್ತಿದೆ. ದನ ಮೇಯ್ದು ಅಲ್ಲ. ದನ ಎಲ್ಲಿವೆ? ರಾತ್ರಿ ಹೊತ್ತು ಜೆಸಿಬಿ ಮೇಯುತ್ತಿದೆ.

ಇಲ್ಲಿ ತುಂಬಿ ಹರಿಯುವ ಹೊಳೆಯಿಲ್ಲ. ಪಾಲಾರ್ ಹೆಸರಿಗಷ್ಟೇ ನದಿ. ಮರಳಿಗೆ ಮಾತ್ರ ಬರವಿಲ್ಲ. ಕೆರೆಯಂಗಳದ, ಗೋಮಾಳದ ಮಣ್ಣು ಬಗೆ, ಗುಂಡಿಗೆ ಸುರಿ, ಕೊಳವೆಬಾವಿಯ ನೀರು ಬಿಡು. ಮಣ್ಣು ಕೊಚ್ಚಿಹೋಗುತ್ತದೆ, ತಳದಲ್ಲಿ ಕೂತದ್ದು ಮರಳು. ಈ ಕಳ್ಳತನಕ್ಕೆ ‘ಫಿಲ್ಟರ್’ ಎಂಬ ಸಂಭಾವಿತ ಹೆಸರು. ಸಾವಿರ ಅಡಿ ಕೊರೆದರೂ ಗಂಟಲು ನೆನೆಯದ ಜಿಲ್ಲೆ ಇದು. 2018ರಿಂದ ಬೆಂಗಳೂರಿನವರು ಬಳಸಿ ಬಿಟ್ಟ ನೀರನ್ನೇ ಕೆ.ಸಿ. ವ್ಯಾಲಿ ಯೋಜನೆಯಲ್ಲಿ ತರಿಸಿಕೊಂಡು ಕೆರೆ ತುಂಬಿಸುತ್ತಿದ್ದೇವೆ. ಮಣ್ಣಿಗೆ ಸ್ನಾನ ಮಾಡಿಸಲು ಮಾತ್ರ ಅಂತರ್ಜಲವೇ ಆಗಬೇಕು.

ಕಾನೂನು ಇಲ್ಲವೇ? ದಂಡಿಯಾಗಿದೆ. 1957ರ ಗಣಿ ಮತ್ತು ಖನಿಜ ಕಾಯ್ದೆಯ ಪ್ರಕಾರ ಐದು ವರ್ಷದವರೆಗೆ ಜೈಲು, ಹೆಕ್ಟೇರಿಗೆ 5 ಲಕ್ಷ ರೂಪಾಯಿವರೆಗೆ ದಂಡ. ಓದಿದರೆ ಮೈ ನಡುಗುತ್ತದೆ. ನಡುಗುವವರು ಪುಟ ಮಗುಚಿದರೆ ಸಾಕು, 23ಎ ಕಲಂ ಕೈಹಿಡಿಯುತ್ತದೆ: ದುಡ್ಡು ಕಟ್ಟಿ, ರಾಜಿ ಮಾಡಿಕೊಳ್ಳಿ. ಸರ್ಕಾರ ಇದನ್ನು ದಂಡ ಎನ್ನುತ್ತದೆ. ದಂಧೆಯವನು ಇದನ್ನು ಡೀಸೆಲ್ಲಿನ ಪಕ್ಕದಲ್ಲಿ ಖರ್ಚು ಎಂದು ಬರೆದುಕೊಳ್ಳುತ್ತಾನೆ.

ದೂರು ಕೊಟ್ಟು ನೋಡಿ. ‘ಗಣಿಯವರಿಗೆ ಬರೆದಿದ್ದೇವೆ’ ಎನ್ನುತ್ತಾರೆ ತಹಶೀಲ್ದಾರರು. ‘ಕಂದಾಯದ ಜಾಗ, ಮೊದಲು ಸರ್ವೆ ಆಗಲಿ’ ಎನ್ನುತ್ತಾರೆ ಗಣಿಯವರು. ಸರ್ವೆಯರ್ ಬಂದರೆ ಗಡಿಕಲ್ಲೇ ಸಿಗುವುದಿಲ್ಲ. ಅದು ಮಣ್ಣಿನ ಜೊತೆಯಲ್ಲೇ ಲಾರಿ ಹತ್ತಿದೆ. ಇನ್ನು ಪೊಲೀಸರಿಗೆ ಕಾಯ್ದೆಯ 22ನೇ ಕಲಂ ಬಾಯಿಪಾಠ: ಅಧಿಕಾರ ಪಡೆದ ಅಧಿಕಾರಿಯೇ ದೂರು ಕೊಡಬೇಕು! ಸರ್ಕಾರಿ ಮರಳನ್ನು ಕದ್ದರೆ ಅದು ಕಳ್ಳತನವೂ ಹೌದು, ಪೊಲೀಸರೇ ಕೇಸು ಹಾಕಬಹುದು ಎಂದು ಸುಪ್ರೀಂ ಕೋರ್ಟ್ ಹೇಳಿದ್ದು 2014ರಲ್ಲಿ. ಕಳ್ಳತನವನ್ನು ಕಳ್ಳತನ ಎನ್ನಲು ದೆಹಲಿಯಿಂದ ಅಪ್ಪಣೆ ಬೇಕಾಯಿತು, ಇರಲಿ. ಆ ಅಪ್ಪಣೆ ನಮ್ಮ ಹೋಬಳಿಗೆ ಇನ್ನೂ ತಲುಪಿಲ್ಲ.

ದಾಳಿಯೂ ನಡೆಯುತ್ತದೆ, ಸುಳ್ಳೇಕೆ ಹೇಳಲಿ. ಜೀಪಿಗಿಂತ ಮೊದಲು ಫೋನು ಹೊರಟಿರುತ್ತದೆ. ಸಾಹೇಬರು ಬರುವಷ್ಟರಲ್ಲಿ ಮೋಟಾರೂ ಇಲ್ಲ, ಪೈಪೂ ಇಲ್ಲ. ಗುಂಡಿಯನ್ನು ಹೊತ್ತೊಯ್ಯಲಾಗದು ನೋಡಿ, ಅದೊಂದು ಉಳಿದಿರುತ್ತದೆ. ಅದನ್ನು ಮುಚ್ಚಿಸುತ್ತಾರೆ. ಮರುದಿನ ಪತ್ರಿಕೆಯಲ್ಲಿ ಫೋಟೊ. ಮುಚ್ಚಿದ್ದು ಬಾಡಿಗೆ ಜೆಸಿಬಿ. ಹಗಲು ಸರ್ಕಾರಕ್ಕೆ, ರಾತ್ರಿ ದಂಧೆಯವನಿಗೆ. ಎರಡು ಪಾಳಿ.

ಮನೆಯ ಗಿಲಾವಿಗೆಂದು ಹಳ್ಳದಿಂದ ಒಂದು ಗಾಡಿ ಮರಳು ತಂದವನು ಮಾತ್ರ ತಪ್ಪಿಸಿಕೊಳ್ಳಲಾರ. ಎತ್ತು ಓಡುವುದಿಲ್ಲವಲ್ಲ.

ಕೊನೆಗೆ ಎಫ್‌ಐಆರ್. ಆರೋಪಿಗಳು: ‘ಅಪರಿಚಿತ ವ್ಯಕ್ತಿಗಳು’. ಅಪರಿಚಿತರೇ? ಬಸ್‌ಸ್ಟ್ಯಾಂಡಿನ ಫ್ಲೆಕ್ಸ್ ನೋಡಿ. ಯುವ ನಾಯಕ, ಕೊಡುಗೈ ದಾನಿ, ಸಮಾಜ ಸೇವಕ. ಗಣೇಶೋತ್ಸವದ ಪೆಂಡಾಲು ಅವನದು, ಊರಹಬ್ಬದ ಅನ್ನದಾನ ಅವನದು. ಕೂಸುಗಳಿಗೂ ಗೊತ್ತಿರುವ ಮುಖ ಠಾಣೆಯ ಹೊಸ್ತಿಲು ದಾಟಿದೊಡನೆ ಅಪರಿಚಿತವಾಗುತ್ತದೆ.

ಅಧಿಕಾರಿಗಳೆಲ್ಲರೂ ಹೀಗೇ ಎನ್ನಲಾರೆ. 2017ರಲ್ಲಿ ಕುಂದಾಪುರದ ಕಂಡ್ಲೂರಿನಲ್ಲಿ ಮರಳು ಅಡ್ಡೆಗೆ ಹೋದ ಉಡುಪಿಯ ಜಿಲ್ಲಾಧಿಕಾರಿಯ ಮೇಲೆಯೇ ಹಲ್ಲೆಗೆ ಬಂದರು. 2023ರಲ್ಲಿ ಜೇವರ್ಗಿ ತಾಲ್ಲೂಕಿನಲ್ಲಿ ಮರಳಿನ ಟ್ರ್ಯಾಕ್ಟರ್ ತಡೆಯಲು ಹೋದ ಹೆಡ್‌ಕಾನ್‌ಸ್ಟೆಬಲ್ ಅದರ ಚಕ್ರದಡಿ ಸತ್ತರು. ಗುರುತು ಹಿಡಿಯಲು ಹೋದವರಿಗೆ ಚಕ್ರ. ಗುರುತೇ ಸಿಗಲಿಲ್ಲ ಎಂದವರಿಗೆ ಬಡ್ತಿ.

ಮೊನ್ನೆ ಒಂದು ಸರ್ಕಾರಿ ಕಚೇರಿಯ ಕಾಂಪೌಂಡ್ ಏಳುತ್ತಿತ್ತು. ಮುಂದೆ ಒಂದು ಲೋಡು ಮರಳು, ಇನ್ನೂ ಹಸಿ. ‘ಎಲ್ಲಿಂದ ಬಂತಪ್ಪಾ?’ ಎಂದು ಕೇಳಿದೆ ಮೇಸ್ತ್ರಿಯನ್ನು.

‘ಗೊತ್ತಿಲ್ಲ ಸಾರ್. ರಾತ್ರಿ ಯಾರೋ ಸುರಿದು ಹೋದ್ರು.’