ತಡೆಯಾಜ್ಞೆ ಮತ್ತು ಝುಣಕ: ಒಂದು ಮನೋಳಿ ಮೀಮಾಂಸೆ

ವಿದ್ವಾಂಸರು ಸವದತ್ತಿ ಬಳಿಯ ಮನೋಳಿಯ ಬಗ್ಗೆ ಇದುವರೆಗೆ ಬರೆದದ್ದೆಲ್ಲ ಪಂಚಲಿಂಗೇಶ್ವರ ಗುಡಿ, ಕೋಟೆ, ಮಲಪ್ರಭೆ ಇಷ್ಟಕ್ಕೇ ನಿಂತಿದೆ. ಜಾಹೀರಾತು ಕಾನೂನಿಗೆ ಈ ಊರು ಸಲ್ಲಿಸಬಹುದಾದ ಕಾಣಿಕೆಯತ್ತ ಯಾರೂ ಕಣ್ಣು ಹಾಯಿಸಿಲ್ಲ. ಆ ಕೊರತೆಯನ್ನು ತುಂಬುವುದು ಪ್ರಸ್ತುತ ಪ್ರಬಂಧದ ಉದ್ದೇಶ. ಸಂಶೋಧಕನ ಖಾನಾವಳಿ ಉದ್ರಿ ತೀರಿಸಿಕೊಳ್ಳುವುದು ಉಪೋದ್ದೇಶ.

ಪ್ರಯೋಗಕ್ಕೆಂದು ಎದುರುಬದುರು ಎರಡು ಖಾನಾವಳಿಗಳನ್ನು ಕಲ್ಪಿಸಿಕೊಳ್ಳೋಣ. ಮೊದಲನೆಯದರ ಬೋರ್ಡು: ‘ಮೂರು ಲೋಕದಾಗ ಇಂಥಾ ಝುಣಕ ಇಲ್ಲ.’ ಇದು ಸುಳ್ಳು, ಆದರೆ ಶಾಸ್ತ್ರಸಮ್ಮತ ಸುಳ್ಳು. ಕಲ್ಕತ್ತಾ ಹೈಕೋರ್ಟಿನ 1999ರ ರಾಬಿನ್ ಬ್ಲೂ–ಉಜಾಲಾ ತೀರ್ಪು, ಅಂದರೆ ಬಿಳಿ ಅಂಗಿಗೆ ಹಾಕುವ ನೀಲಿಯ ಜಗಳ, ಈ ಕ್ಷೇತ್ರದ ಮೂಲಗ್ರಂಥ. ಅದರ ಪ್ರಕಾರ ವ್ಯಾಪಾರಿ ತನ್ನ ಸರಕು ಜಗತ್ತಿನಲ್ಲೇ ಉತ್ತಮ ಎನ್ನಬಹುದು, ಸುಳ್ಳಾದರೂ ಅಡ್ಡಿಯಿಲ್ಲ. ಎದುರಿನವನದಕ್ಕಿಂತ ಮೇಲು ಎನ್ನಬಹುದು, ಅದೂ ಸುಳ್ಳಾದರೂ ಅಡ್ಡಿಯಿಲ್ಲ. ಎದುರಿನವನದು ಕೆಟ್ಟದ್ದು ಎನ್ನುವಂತಿಲ್ಲ, ಅಷ್ಟೇ. ತನ್ನನ್ನು ಹೊಗಳಿಕೊಳ್ಳುವುದು, ಇನ್ನೊಬ್ಬರನ್ನು ಹಳಿಯುವುದು ಎರಡನ್ನೂ ಬಸವಣ್ಣನವರು ಬೇಡವೆಂದಿದ್ದರು. ಕಲ್ಕತ್ತಾ ಒಂದಕ್ಕೆ ಪರವಾನಗಿ ಕೊಟ್ಟಿತು.

ಈಗ ನಮ್ಮ ಖಾನಾವಳಿಯವ ಬೋರ್ಡಿನ ಕೆಳಗೆ ಇನ್ನೊಂದು ಸಾಲು ಬರೆಸುತ್ತಾನೆ: ‘ರೊಟ್ಟಿ ಬಡಿಯಾಕ ಬಾರದವರ ಸಾದಾ ಊಟ ಯಾಕ ಉಣ್ತೀರಿ?’ ಎದುರಿನವ ಸವದತ್ತಿ ಕೋರ್ಟಿಗೆ ಹೋಗಿ ‘ಸ್ಟೇ’ ತರುತ್ತಾನೆ. ಮೇಲ್ನೋಟಕ್ಕೆ ಪ್ರಕರಣವಿದೆ, ಅನುಕೂಲತೆಯ ತಕ್ಕಡಿ ತನ್ನ ಕಡೆ ವಾಲಿದೆ, ನಷ್ಟ ತುಂಬಿಕೊಡಲಾಗದ್ದು ಎಂಬ ಮೂರು ಮಂತ್ರ ಜಪಿಸಿದರಾಯಿತು. ಬೋರ್ಡಿನವನಿಗೆ ಉಳಿದದ್ದು ಸಿವಿಲ್ ಪ್ರಕ್ರಿಯಾ ಸಂಹಿತೆಯ 43ನೇ ಆದೇಶದಡಿ ಅಪೀಲು. ಹೈಕೋರ್ಟಿಗಾದರೆ 90 ದಿನ, ಬೇರೆ ಕೋರ್ಟಿಗಾದರೆ 30.

ಅಪೀಲೆಂದರೆ ಮತ್ತೆ ಮೊದಲಿನಿಂದ ವಾದವೆಂದು ಸಾಮಾನ್ಯರು ತಿಳಿದಿದ್ದಾರೆ. ಪಾಪ! ಸುಪ್ರೀಂ ಕೋರ್ಟು 1990ರ ವಾಂಡರ್ ಪ್ರಕರಣದಲ್ಲಿ ಹೇಳಿದ್ದೇ ಬೇರೆ. ಕೆಳಗಿನ ಕೋರ್ಟು ಮನಬಂದಂತೆ ಅಥವಾ ನೆಲೆಗೊಂಡ ತತ್ತ್ವ ಬಿಟ್ಟು ವಿವೇಚನೆ ಬಳಸಿದ್ದರೆ ಮಾತ್ರ ಮೇಲಿನವರು ಕೈಹಾಕಬೇಕು. ಸಾರಿಗೆ ಉಪ್ಪು ತುಸು ಹೆಚ್ಚಾಯಿತೆಂದು ಗಡಿಗೆ ಚೆಲ್ಲುವಂತಿಲ್ಲ, ಹಳಸಿರಬೇಕು.

ಸಿದ್ಧಾಂತಕ್ಕೆ ದಿಲ್ಲಿಯ ಪ್ರಮಾಣ ಇಲ್ಲಿದೆ. ಆಯುರ್ವೇದ, ವೇದಗಳ ಜ್ಞಾನವಿಲ್ಲದವರು ಅಸಲಿ ಚ್ಯವನಪ್ರಾಶ ಹೇಗೆ ಮಾಡಿಯಾರು, 40 ಗಿಡಮೂಲಿಕೆಯ ಸಾಧಾರಣ ಚ್ಯವನಪ್ರಾಶಕ್ಕೆ ತೃಪ್ತರಾಗುವುದೇಕೆ ಎಂದು ಪತಂಜಲಿ ಜಾಹೀರಾತು ಕೇಳಿತು. ಆ 40 ತನಗೇ ತಗಲಿತೆಂದು ಡಾಬರ್ ಹೈಕೋರ್ಟಿಗೆ ಹೋಗಿ, 2025ರ ಜುಲೈ 3ರಂದು ಮಧ್ಯಂತರ ತಡೆಯಾಜ್ಞೆ ಪಡೆಯಿತು. ಪತಂಜಲಿ ಅಪೀಲು ಹೋಯಿತು. ಸೆಪ್ಟೆಂಬರಿನಲ್ಲಿ ವಿಭಾಗೀಯ ಪೀಠ ‘ಸಾಧಾರಣ’ ಎನ್ನಲು ಬಿಟ್ಟು, ‘40’ ಎಂಬ ಅಂಕಿಯನ್ನು ತೆಗೆಸಿತು. ಎರಡು ಪೀಠ, ಸಾಲುಸಾಲು ಹಿರಿಯ ವಕೀಲರು ದುಡಿದ ಮೇಲೆ ಜಾಹೀರಾತಿನಿಂದ ಒಂದು ಅಂಕಿ ಉದುರಿತು. ಮುದುಕ ಚ್ಯವನನಿಗೆ ಪ್ರಾಯ ಮರಳಿಸಿದ ಅಶ್ವಿನೀದೇವತೆಗಳು ಎಷ್ಟು ಗಿಡಮೂಲಿಕೆ ಹಾಕಿದರೆಂದು ಯಾವ ಅಫಿಡವಿಟ್ಟನ್ನೂ ಸಲ್ಲಿಸಿರಲಿಲ್ಲ.

ಇಲ್ಲಿ ಸಂಶೋಧಕರು ಗಮನಿಸಬೇಕಾದದ್ದು ಹವಾಮಾನ. ಚ್ಯವನಪ್ರಾಶ ಮಾರಾಟವಾಗುವುದು ಚಳಿಗಾಲದಲ್ಲಿ. ಮೂಲ ದಾವೆಯ ಅಂತಿಮ ತೀರ್ಪು ಬರುವಷ್ಟರಲ್ಲಿ ಎಷ್ಟು ಚಳಿಗಾಲ ಕಳೆಯುತ್ತವೋ! ಹಾಗಾಗಿ ಈ ಜಗಳಗಳಲ್ಲಿ ಮಧ್ಯಂತರವೇ ಆದಿ, ಮಧ್ಯಂತರವೇ ಅಂತ್ಯ. ಪತಂಜಲಿ ಹೊಸ ಜಾಹೀರಾತಿನಲ್ಲಿ ಉಳಿದವರದನ್ನು ‘ಧೋಖಾ’ ಎಂದಿತು. ಅದೇ ವರ್ಷದ ನವೆಂಬರಿನಲ್ಲಿ ಹೈಕೋರ್ಟು 72 ಗಂಟೆಯಲ್ಲಿ ತೆಗೆಯಿರಿ ಎಂದಿತು. ಹೊಸ ಜಾಹೀರಾತು, ಹೊಸ ತಡೆ: ಬೆಳೆಗೆ ಹಂಗಾಮಿದ್ದಂತೆ ವ್ಯಾಜ್ಯಕ್ಕೂ ಇದೆ.

ಈ ಪ್ರಮಾಣವನ್ನು ಮನೋಳಿಗೆ ಅನ್ವಯಿಸಿದಾಗ ನಮ್ಮ ಅಪೀಲುದಾರ ‘ರೊಟ್ಟಿ ಬಡಿಯಾಕ ಬಾರದವರ’ ಎಂಬುದನ್ನು ಅಳಿಸಿ, ‘ಸಾದಾ ಊಟ ಯಾಕ ಉಣ್ತೀರಿ?’ ಎಂಬುದನ್ನು ಉಳಿಸಿಕೊಂಡು ಗೆದ್ದು ಬರುತ್ತಾನೆ. ವಕೀಲರ ಫೀ ಹೊಂದಿಸಲು ಊಟದ ದರ ಏರಿಸುತ್ತಾನೆ. ಎದುರಿನವ ಅಪೀಲಿನ ಗೋಜಿಗೆ ಹೋಗದೆ ಸುಣ್ಣದಲ್ಲಿ ಗೋಡೆಯ ಮೇಲೆ ಬರೆದ: ‘ಸಾದಾ ಊಟ ಇಲ್ಲೇ ಸಿಗ್ತದ. ರೇಟು ಹಳೇದ.’ ಮಧ್ಯಾಹ್ನ ಒಂದರೊಳಗೆ ಅಲ್ಲಿ ರೊಟ್ಟಿ ತೀರಿತ್ತು.