ಪಾಳಿ ಅಜ್ಜಿ

ಪಾಲುಪಾರೀಕತ್ತಿನ ಪತ್ರದಲ್ಲಿ ಗದ್ದೆ, ತೆಂಗಿನಮರ, ಹಸು, ಹಂಡೆ ಎಲ್ಲಕ್ಕೂ ಹಕ್ಕುದಾರರ ಹೆಸರು ಬಿತ್ತು. ಅವ್ವನನ್ನು ಬರೆಯಲು ಮರೆತರು. ಹಾಗಾಗಿ ಅವಳು ಯಾರ ಪಾಲಿಗೂ ಬರಲಿಲ್ಲ, ಎಲ್ಲರ ಮನೆಗೂ ಬರುತ್ತಾಳೆ.

ದೊಡ್ಡ ಮಗ ಶ್ರೀರಂಗಪಟ್ಟಣದಲ್ಲಿ, ನಡುವಲವನು ಪಾಂಡವಪುರದಲ್ಲಿ, ಕಿರಿಯವನು ನಾಗಮಂಗಲದಲ್ಲಿ. ಮಗಳನ್ನು ಕೊಟ್ಟಿರುವುದು ಕೆ.ಆರ್. ಪೇಟೆಗೆ. ಹೀಗೆ ಪಾಳಿಯ ಮೇಲೆ ಮನೆಯಿಂದ ಮನೆಗೆ ಸುತ್ತುವ ಅಜ್ಜಿ ಒಬ್ಬಳಾದರೂ ಇಲ್ಲದ ಬಸ್ಸು ಈ ಸೀಮೆಯಲ್ಲಿ ಅಪರೂಪ. 2023ರ ಜೂನ್ 11ಕ್ಕೆ ಹೆಂಗಸರಿಗೆ ಬಸ್ಸು ಪುಕ್ಕಟೆ ಮಾಡಿದ ಶಕ್ತಿ ಯೋಜನೆ ಬಂತು ನೋಡಿ, ಮುನಿಸಿಕೊಂಡು ಹೊರಡುವಾಗ ಮಗನ ಹತ್ತಿರವೇ ಚಾರ್ಜಿಗೆ ಕಾಸು ಕೇಳುವ ಮುಜುಗರವೂ ತಪ್ಪಿತು. ಆಧಾರ್ ಕಾರ್ಡು ಎಲೆಯಡಿಕೆ ಚೀಲದಲ್ಲೇ ಇರುತ್ತದೆ. ಹಿಂದೆ ಕೋಪ ಬಂದರೆ ಮೂಲೆ ಸೇರುತ್ತಿದ್ದವಳು ಈಗ ಬಸ್ ಸ್ಟ್ಯಾಂಡ್ ಸೇರುತ್ತಾಳೆ.

ಅವಳ ಹೊಗಳಿಕೆ ಮಾತ್ರ ಸದಾ ಹಿಂದಿನ ಊರಿನದು. ಶ್ರೀರಂಗಪಟ್ಟಣದಲ್ಲಿ ಮುದ್ದೆ ಮುರಿಯುತ್ತ, “ಪಾಂಡವಪುರದೋಳು ಉಪ್ಸಾರಿನ ಖಾರ ಅರೆದ್ರೆ ಮುದ್ದೆ ತಾನಾಗೇ ಇಳೀತದೆ ಕಣವ್ವ” ಅನ್ನುತ್ತಾಳೆ. ದೊಡ್ಡ ಸೊಸೆ ಮಿಕ್ಸಿ ಮುಚ್ಚಳವನ್ನು ತುಸು ಜೋರಾಗಿಯೇ ಹಾಕುತ್ತಾಳೆ. ಪಾಂಡವಪುರಕ್ಕೆ ಹೋದರೆ, “ದೊಡ್ಡೋಳು ಹೊತ್ತು ಮೂಡಕ್ಮುಂಚೆ ಬಾಗ್ಲಿಗೆ ನೀರಾಕಿರ್ತಾಳೆ.” ಕನ್ನಂಬಾಡಿ ಕಟ್ಟೆ 124.80 ಅಡಿ ಭರ್ತಿಯಾಗುವ ವರ್ಷವಾದರೂ ಉಂಟು. ಎದುರಿಗಿರುವ ಸೊಸೆಯನ್ನು ಅವಳು ಬಾಯ್ತುಂಬ ಹೊಗಳಿದ್ದಿಲ್ಲ.

ನಾಗಮಂಗಲದ ಕತೆಯೇ ಬೇರೆ. ಅಲ್ಲಿಯ ರೇಷನ್ ಕಾರ್ಡಿನಲ್ಲಿ ಯಜಮಾನಿ ಅವಳೇ. ಗೃಹಲಕ್ಷ್ಮಿಯ 2000 ರೂಪಾಯಿ ಅವಳ ಖಾತೆಗೆ ಬೀಳುತ್ತದೆ. ಬಿದ್ದ ವಾರ ಮಿಕ್ಕ ಮನೆಗಳಿಂದ ಫೋನು: “ಅತ್ತೆ, ಮಂಡಿನೋವು ಹೆಂಗದೆ?” ದುಡ್ಡು ಬರುವುದು ತಡವಾದರೆ ಮಂಡಿನೋವನ್ನು ಕೇಳುವವರಿಲ್ಲ.

ಮಗಳ ಮನೆಗೆ ಪಾಳಿ ಇಲ್ಲ, ನೆಂಟತನ ಅಷ್ಟೆ. ಹೇಮಗಿರಿ ಜಾತ್ರೆಗೆಂದು ಹೋದವಳು ಜಾತ್ರೆಯ ದನಗಳೆಲ್ಲ ಊರು ಸೇರಿದ ಮೇಲೂ ಅಲ್ಲೇ ಇರುತ್ತಾಳೆ. ಬೀಗಿತ್ತಿಯ ಅಡುಗೆಗೆ ಉಪ್ಪೂ ಇಲ್ಲ, ಹುಳಿಯೂ ಇಲ್ಲ ಎಂಬ ವರದಿ ಮಾತ್ರ ಮೂರೂ ತಾಲ್ಲೂಕಿಗೆ ತಲುಪುತ್ತಿರುತ್ತದೆ.

ಗೌರಿಹಬ್ಬಕ್ಕೆ ಸೇರಿದ ವಾರಗಿತ್ತಿಯರು ಒಬ್ಬಟ್ಟು ತಟ್ಟುತ್ತ ಲೆಕ್ಕ ತಾಳೆ ನೋಡಿದರು.

“ನನ್ನ ಉಪ್ಸಾರು ಹೊಗಳಿದ್ರಾ? ನನ್ನೆದುರಿಗೆ ಕಲಗಚ್ಚು ಅಂದಿದ್ರಲ್ಲಕ್ಕಾ!”

ಅಡುಗೆಮನೆಯಲ್ಲಿ ನಗು ಎದ್ದಿತು. ಮೂವರೂ ಹೀಗೆ ಒಟ್ಟಿಗೆ ನಕ್ಕು ಎಷ್ಟೋ ಕಾಲವಾಗಿತ್ತು. ನಡುಮನೆಯಲ್ಲಿ ಎಲೆಗೆ ಸುಣ್ಣ ಸವರುತ್ತಿದ್ದ ಅಜ್ಜಿ ಎಲ್ಲವನ್ನೂ ಕೇಳಿಸಿಕೊಂಡಳು. ಊಟಕ್ಕೆ ಕೂತಾಗ ಒಬ್ಬಟ್ಟಿನ ತುದಿ ಮುರಿದು ಬಾಯಿಗಿಟ್ಟು, ಮೂವರು ಸೊಸೆಯರನ್ನೂ ಒಮ್ಮೆ ನೋಡಿದಳು.

“ಒಬ್ಬಟ್ಟು ಅಂದ್ರೆ ನಮ್ಮ ಕೆ.ಆರ್. ಪೇಟೆ ಬೀಗಿತ್ತಿ ಮಾಡ್ಬೇಕು ಕಣ್ರವ್ವ!”