ಪಿಂಚಣಿ ಕೇಳದ ಯೋಧ

ಸೈನಿಕನನ್ನು ಸಾಕುವುದು ಸರ್ಕಾರಗಳಿಗೆ ಎಂದೂ ಸಲೀಸಾಗಿರಲಿಲ್ಲ. ಹೊತ್ತಿಗೆ ಸರಿಯಾಗಿ ಊಟ ಹಾಕಬೇಕು, ಬೂಟು ಕೊಡಿಸಬೇಕು, ರಜೆ ಕೊಟ್ಟು ಊರಿಗೆ ಕಳಿಸಬೇಕು. ಊರಿಗೆ ಹೋದವನು ಹೆಂಡತಿ ಮಕ್ಕಳ ಮುಖ ನೋಡಿ ಮೆತ್ತಗಾಗುತ್ತಾನೆ. ವಾಪಸು ಬಂದು ರಾತ್ರಿ ಪಹರೆಗೆ ನಿಂತಾಗ, ಗಡಿಯಾಚೆ ನಿಂತವನಿಗೂ ಮನೆಯಿಂದ ಫೋನು ಬರುತ್ತಿರಬಹುದೇ ಎಂದು ಬೇಡದ ಯೋಚನೆ ಮಾಡುತ್ತಾನೆ. ಯುದ್ಧ ಮುಗಿಸಿ ಬಂದವನು ದೀಪಾವಳಿಯ ಪಟಾಕಿಗೆ ಬೆಚ್ಚಿಬಿದ್ದು ಮನೆಯವರ ನಿದ್ದೆ ಕೆಡಿಸುತ್ತಾನೆ. ನಿವೃತ್ತಿಯಾದ ಮೇಲಂತೂ ಅವನ ಉಪದ್ರವ ಹೇಳತೀರದು. 2015ರಲ್ಲಿ ‘ಒಂದು ಶ್ರೇಣಿ, ಒಂದು ಪಿಂಚಣಿ’ ಎಂದು ದಿಲ್ಲಿಯ ಜಂತರ್ ಮಂತರ್‌ನಲ್ಲಿ ಎದೆಯ ಮೇಲೆ ಪದಕ ತೂಗುಹಾಕಿಕೊಂಡೇ ಧರಣಿ ಕೂತರಲ್ಲ! ಸತ್ತರೂ ಖರ್ಚು ತಪ್ಪಿದ್ದಲ್ಲ. ಪೆಟ್ಟಿಗೆಗೆ ಬಾವುಟ ಹೊದಿಸಬೇಕು, ಗಾಳಿಯಲ್ಲಿ ಗುಂಡು ಹಾರಿಸಬೇಕು, ವೇದಿಕೆಯ ಮೇಲೆ ನಿಂತು ಪತ್ನಿಗೆ ನಿವೇಶನ, ಮಗನಿಗೆ ನೌಕರಿ ಎಂದು ಘೋಷಿಸಬೇಕು. ಆ ನಿವೇಶನ ಎಲ್ಲಿದೆ ಎಂದು ಕೇಳಿಕೊಂಡು ಆಕೆ ತಾಲ್ಲೂಕು ಕಚೇರಿಗೆ ಬಂದಾಗಲೆಲ್ಲ ‘ಮುಂದಿನ ವಾರ ಬನ್ನಿ ತಾಯಿ’ ಎನ್ನುವುದಕ್ಕೆ ಒಬ್ಬ ಗುಮಾಸ್ತನನ್ನು ಬೇರೆ ಇಟ್ಟುಕೊಳ್ಳಬೇಕು.

ಈ ತಾಪತ್ರಯಗಳಿಂದೆಲ್ಲ ರಾಷ್ಟ್ರಗಳನ್ನು ಪಾರುಮಾಡಿದ ಪುಣ್ಯಾತ್ಮನೊಬ್ಬನಿದ್ದಾನೆ. ಎತ್ತರ ಎರಡು ಮೂರು ಅಂಗುಲ, ಅಗಲ ಹೆಚ್ಚೆಂದರೆ ಒಂದು ಅಂಗೈ, ಮೈ ಪ್ಲಾಸ್ಟಿಕ್ಕಿನದು, ಹೊಟ್ಟೆಯಲ್ಲಿ ಒಂದಿಷ್ಟು ಸಿಡಿಮದ್ದು. ನೆಲಬಾಂಬು ಎಂದು ಹೆಸರು. ಇಷ್ಟು ವರ್ಷ ಸೇವೆ ಸಲ್ಲಿಸಿದರೂ ಈತನ ಬಗ್ಗೆ ಒಂದು ಒಳ್ಳೆಯ ಮಾತು ಆಡಿದವರಿಲ್ಲ. ಬಾಯಿ ತೆರೆದವರೆಲ್ಲ ಬೈದಿದ್ದಾರೆ. ಆ ಅನ್ಯಾಯವನ್ನು ಕೈಲಾದಮಟ್ಟಿಗೆ ಸರಿಪಡಿಸುವುದಷ್ಟೇ ಈ ಬರಹದ ಉದ್ದೇಶ.

ಮೊದಲು ಈತನ ಕರ್ತವ್ಯನಿಷ್ಠೆ ನೋಡಿ. ದಕ್ಷಿಣ ಅಟ್ಲಾಂಟಿಕ್‌ನ ಫಾಕ್‌ಲ್ಯಾಂಡ್ ದ್ವೀಪಗಳಿಗಾಗಿ 1982ರಲ್ಲಿ ಬ್ರಿಟನ್ನೂ ಅರ್ಜೆಂಟೀನಾವೂ ಹೊಡೆದಾಡಿದವು. 74 ದಿನಕ್ಕೆ ಯುದ್ಧ ಮುಗಿಯಿತು. ಅರ್ಜೆಂಟೀನಾದ ಸೈನಿಕರು ಶರಣಾಗಿ ಮನೆಗೆ ಹೋದರು. ಅವರು ಹೂತಿಟ್ಟ ನೆಲಬಾಂಬುಗಳು ಶರಣಾಗಲಿಲ್ಲ. ಸೋತ ಅರ್ಜೆಂಟೀನಾದ ಸೇನಾಡಳಿತಗಾರ ಗಾಲ್ಟಿಯೇರಿ 2003ರಲ್ಲಿ ತೀರಿಕೊಂಡರು, ಗೆದ್ದ ಬ್ರಿಟನ್ನಿನ ಪ್ರಧಾನಿ ಥ್ಯಾಚರ್ 2013ರಲ್ಲಿ ತೀರಿಕೊಂಡರು. ಎರಡೂ ಸಾವಿಗೆ ಒಂದು ದಿನದ ರಜೆಯನ್ನೂ ಪಡೆಯದೆ ಇವು ಪಹರೆ ಕಾದವು. ಕೊನೆಗೆ 2020ರ ನವೆಂಬರಿನಲ್ಲಿ ದ್ವೀಪಗಳು ಬಾಂಬುಮುಕ್ತವಾದವು ಎಂದು ಘೋಷಿಸಿದರು. ತೆಗೆಯುವ ಕೆಲಸವನ್ನು ಬಹುಪಾಲು ಮಾಡಿದವರು ಜಿಂಬಾಬ್ವೆಯಿಂದ ಬಂದವರು. ಅವರಿಗೂ ಆ ಜಗಳಕ್ಕೂ ಸಂಬಂಧವಿರಲಿಲ್ಲ, ನಿಜ. ಆದರೆ ಅವರ ಸ್ವಂತ ನಾಡಿನ ಗಡಿಯಲ್ಲೂ 1970ರ ದಶಕದ ನೆಲಬಾಂಬುಗಳಿದ್ದುದರಿಂದ ಕೈ ಪಳಗಿತ್ತು. ಬಡ ದೇಶವೊಂದಕ್ಕೆ ವಿದೇಶದಲ್ಲಿ ಬೇಡಿಕೆಯಿರುವ ಕಸುಬನ್ನು ಬಿಟ್ಟಿಯಾಗಿ ಕಲಿಸಿಕೊಟ್ಟದ್ದು ಬೇರೆ ಯಾವ ವಿಶ್ವವಿದ್ಯಾಲಯ?

ಈತನ ಸಮದೃಷ್ಟಿಯೂ ಅಷ್ಟೇ ದೊಡ್ಡದು. ಮನುಷ್ಯ ಸೈನಿಕನಿಗೆ ಶತ್ರು ಯಾರೆಂದು ತಿಳಿಹೇಳಲು ಎಷ್ಟು ಪಾಡು! ಸಮವಸ್ತ್ರದ ಬಣ್ಣ ತೋರಿಸಬೇಕು, ನಕಾಶೆ ಹಾಸಬೇಕು, ರಾತ್ರಿ ಒಂಬತ್ತರ ಟಿವಿ ಚರ್ಚೆಯಲ್ಲಿ ನಾಲ್ಕು ಜನ ಗಂಟಲು ಹರಿದುಕೊಳ್ಳಬೇಕು. ನೆಲಬಾಂಬಿನ ವ್ಯಾಖ್ಯಾನ ಒಂದೇ: ಶತ್ರು ಎಂದರೆ ತೂಕ. ಸಾಮಾನ್ಯವಾಗಿ 5ರಿಂದ 16 ಕೆ.ಜಿ. ಭಾರ ಬಿದ್ದರೆ ಸಾಕು. ಫಾಕ್‌ಲ್ಯಾಂಡಿನ ಬಾಂಬುಬೇಲಿಯೊಳಗೆ ಪೆಂಗ್ವಿನ್‌ಗಳು ಸಂಸಾರ ಹೂಡಿ ಮರಿ ಮಾಡಿಕೊಂಡದ್ದು ಈ ನಿಯಮದಡಿಯಲ್ಲೇ. ಅವು ಹಗುರ, ಆದ್ದರಿಂದ ತಟಸ್ಥ ರಾಷ್ಟ್ರ. ಮನುಷ್ಯರ ಕೂಸಿಗೂ ಈ ಸವಲತ್ತಿದೆ, ಹುಟ್ಟಿದ ಎರಡು ಮೂರು ತಿಂಗಳವರೆಗೆ. ಆಮೇಲೆ ಅದು 5 ಕೆ.ಜಿ. ದಾಟುತ್ತದೆ. ವರ್ಷ ತುಂಬಿ ಮೊದಲ ಹೆಜ್ಜೆ ಇಡುವ ಹೊತ್ತಿಗೆ 9 ಕೆ.ಜಿ.ಯ ಆಸುಪಾಸಿಗೆ ಬಂದು, ಶತ್ರುವಾಗಲು ಬೇಕಾದ ಎಲ್ಲ ಅರ್ಹತೆಯನ್ನೂ ಪಡೆದಿರುತ್ತದೆ.

ಈ ಸರಳ ವ್ಯಾಖ್ಯಾನದ ಫಲ ಅಂಕಿಅಂಶಗಳಲ್ಲಿ ಕಾಣುತ್ತದೆ. ‘ಲ್ಯಾಂಡ್‌ಮೈನ್ ಮಾನಿಟರ್’ ವರದಿಯ ಪ್ರಕಾರ 2023ರಲ್ಲಿ ನೆಲಬಾಂಬುಗಳಿಗೆ ಮತ್ತು ಸಿಡಿಯದೆ ಉಳಿದ ಮದ್ದುಗುಂಡುಗಳಿಗೆ ಸಿಕ್ಕಿ ಸತ್ತವರು, ಗಾಯಗೊಂಡವರು 5,757 ಮಂದಿ. ಯಾರೆಂದು ಗುರುತು ಸಿಕ್ಕವರಲ್ಲಿ ನೂರಕ್ಕೆ 84 ಜನ ನಾಗರಿಕರು. ಆ ನಾಗರಿಕರಲ್ಲಿ ಮೂರರಲ್ಲೊಂದು ಪಾಲಿಗಿಂತ ಹೆಚ್ಚು ಮಕ್ಕಳು. ಸೈನಿಕರನ್ನು ತಡೆಯುವುದು ಈತನಿಗೆ ವಹಿಸಿದ ಕೆಲಸ. ಉಳಿದ 84 ಪಾಲು, ಯಾರೂ ಕೇಳದೆ, ಓವರ್‌ಟೈಮ್ ಭತ್ಯೆಯೂ ಇಲ್ಲದೆ ಮಾಡಿದ ಹೆಚ್ಚುವರಿ ಸೇವೆ.

ಇನ್ನು ದಯೆ. ಚಿಕ್ಕ ನೆಲಬಾಂಬು ಕೊಲ್ಲಲೆಂದು ಹುಟ್ಟಿದ್ದಲ್ಲ, ಕಾಲು ತೆಗೆಯಲೆಂದು ಹುಟ್ಟಿದ್ದು. ಸತ್ತವನು ಸುಮ್ಮನೆ ಬಿದ್ದಿರುತ್ತಾನೆ. ಕಾಲು ಹೋದವನು ಕೂಗುತ್ತಾನೆ. ಅವನನ್ನು ಹೊರಲು ಇಬ್ಬರು ಬೇಕು, ರಕ್ತ ಬೇಕು, ವೈದ್ಯರು ಬೇಕು, ಕೂಗು ಕೇಳಿಸಿಕೊಂಡ ಮಿಕ್ಕವರ ಕಾಲೂ ಮುಂದಕ್ಕೆ ಬಾರದು. ಒಂದು ಕಾಲಿಗೆ ಅರ್ಧ ತುಕಡಿ ಕೈಲಾಗದಾಗುತ್ತದೆ ಎಂಬುದು ಸೇನಾಪಂಡಿತರ ಲೆಕ್ಕ. ಈ ಲೆಕ್ಕ ಹಳ್ಳಿಯ ಮನೆಯಲ್ಲಿ ಇನ್ನೂ ಸೊಗಸಾಗಿ ಹೊಂದುತ್ತದೆ. ಕಾಂಬೋಡಿಯದ ಒಬ್ಬ ರೈತ ಗದ್ದೆಯಲ್ಲಿ ಕಾಲು ಕಳೆದುಕೊಂಡ ಎನ್ನಿ. ಹೆಂಡತಿ, ತಮ್ಮ ಸೇರಿ ಹೊರುತ್ತಾರೆ. ಆಸ್ಪತ್ರೆಗೆ ಕಟ್ಟಲು ಎಮ್ಮೆ ಮಾರುತ್ತಾರೆ. ಎಮ್ಮೆಯಿಲ್ಲದೆ ಉಳುಮೆಯಿಲ್ಲ. ದೊಡ್ಡ ಮಗಳು ಶಾಲೆ ಬಿಟ್ಟು ದುಡಿಯಲು ಹೋಗುತ್ತಾಳೆ, ಅದೇ ಗದ್ದೆಗೆ. ಆ ದೇಶದಲ್ಲಿ 1979ರಿಂದೀಚೆಗೆ ಹೀಗೆ ಸತ್ತವರು ಸುಮಾರು 20,000, ಗಾಯಗೊಂಡು ಉಳಿದವರು ಸುಮಾರು 45,000. ಉಳಿದವರ ಸಂಖ್ಯೆ ಸತ್ತವರ ಎರಡು ಪಟ್ಟಿಗಿಂತ ಹೆಚ್ಚಿರುವುದನ್ನು ದಯೆ ಎನ್ನದೆ ಇನ್ನೇನನ್ನಬೇಕು?

ಕೈಗಾರಿಕೆಗೂ ಈತನ ಕೊಡುಗೆ ಕಡಿಮೆಯಲ್ಲ. 1968ರಲ್ಲಿ ಕುಶಲಕರ್ಮಿ ರಾಮಚಂದ್ರ ಶರ್ಮ ಮತ್ತು ವೈದ್ಯ ಪಿ.ಕೆ. ಸೇಥಿ ಸೇರಿ ರೂಪಿಸಿದ ‘ಜೈಪುರ ಕಾಲು’ ಅಫ್ಘಾನಿಸ್ತಾನದಿಂದ ಕಾಂಬೋಡಿಯದವರೆಗೆ ಹೆಸರಾದದ್ದು ಈತನ ಕೃಪೆಯಿಂದಲೇ. ದೊಡ್ಡವರಿಗೆ ಒಂದು ಕೃತಕ ಕಾಲು ಕೆಲವು ವರ್ಷ ಬಾಳುತ್ತದೆ. ಬೆಳೆಯುವ ಮಕ್ಕಳಿಗೆ ಆರು ತಿಂಗಳಿಗೊಮ್ಮೆ ಹೊಸದು ಬೇಕು. ಹೀಗೆ ಖಾಯಂ ಗಿರಾಕಿಗಳನ್ನು ಕುದುರಿಸಿಕೊಡುವ ಉದ್ಯಮಸ್ನೇಹಿ ಯೋಧ ಇನ್ನೊಬ್ಬನಿಲ್ಲ.

ಬೆಲೆಯ ವಿಷಯಕ್ಕೆ ಬಂದರೆ ಹಣಕಾಸು ಸಚಿವರ ಕಣ್ಣಲ್ಲಿ ಆನಂದಬಾಷ್ಪ ಬರಬೇಕು. ಒಂದು ನೆಲಬಾಂಬನ್ನು 3 ಡಾಲರಿಗೂ ತಯಾರಿಸಬಹುದು. ಅದನ್ನು ಹುಡುಕಿ ತೆಗೆಯಲು 300ರಿಂದ 1,000 ಡಾಲರ್ ತಗಲುತ್ತದೆ. ಹೂಳುವುದಕ್ಕೆ ಒಂದು ಗಳಿಗೆ ಸಾಕು. ತೆಗೆಯುವವನು ಮಂಡಿಯೂರಿ, ಎದೆಗೆ ಕವಚ, ಮುಖಕ್ಕೆ ಗಾಜು ಕಟ್ಟಿಕೊಂಡು, ಲೋಹಶೋಧಕದ ಕೀಚಲು ಕೇಳುತ್ತ, ಗೇಣು ಗೇಣಾಗಿ ಮಣ್ಣು ಕೆದಕಬೇಕು. ಆ ಕೀಚಲು ಹತ್ತರಲ್ಲಿ ಒಂಬತ್ತು ಸಲ ತುಕ್ಕು ಮೊಳೆಯದೋ ಡಬ್ಬದ ಮುಚ್ಚಳದ್ದೋ ಆಗಿರುತ್ತದೆ, ಆದರೂ ಹತ್ತು ಸಲವೂ ಅಷ್ಟೇ ಮೆಲ್ಲಗೆ ಕೆದಕಬೇಕು. ಈ ಕೆಲಸದಲ್ಲಿ ಮನುಷ್ಯರಿಗಿಂತ ಚುರುಕಾಗಿದ್ದ ಮಗಾವಾ ಎಂಬ ಆಫ್ರಿಕದ ದೊಡ್ಡ ಇಲಿ ಕಾಂಬೋಡಿಯದಲ್ಲಿ ನೂರಕ್ಕೂ ಹೆಚ್ಚು ನೆಲಬಾಂಬು, ಮದ್ದುಗುಂಡುಗಳನ್ನು ಮೂಸಿ ಹಿಡಿಯಿತು. ಬ್ರಿಟನ್ನಿನ ಪಿಡಿಎಸ್‌ಎ ಸಂಸ್ಥೆ 2020ರಲ್ಲಿ ಅದಕ್ಕೆ ಚಿನ್ನದ ಪದಕ ತೊಡಿಸಿತು. ಇಲಿಯ ತೂಕ 1.2 ಕೆ.ಜಿ. ಮಾತ್ರ, ಹಾಗಾಗಿ ಅದೂ ಶತ್ರುವಲ್ಲ. ಪದಕ ಕೊಟ್ಟದ್ದಕ್ಕೆ ಆಕ್ಷೇಪವಿಲ್ಲ. ಆದರೆ ಹುಡುಕಿದವನಿಗೆ ಮಾತ್ರ ಪದಕ, ದಶಕಗಟ್ಟಲೆ ಅಲುಗದೆ ಅಡಗಿ ಕೂತವನಿಗೆ ಒಂದು ತಾಮ್ರಪತ್ರವೂ ಇಲ್ಲವೆಂದರೆ ಹೇಗೆ?

ಈತನ ಬಂಧುಬಳಗವೂ ಗುಣವಂತರದೇ. ಸೋವಿಯತ್ ಸೇನೆ ಅಫ್ಘಾನಿಸ್ತಾನದ ಮೇಲೆ ಆಕಾಶದಿಂದ ಚೆಲ್ಲಿದ ‘ಚಿಟ್ಟೆ’ ಬಾಂಬಿಗೆ ರೆಕ್ಕೆಯಂಥ ಆಕಾರ, ಹಸಿರು ಬಣ್ಣ, ಒಳಗೆ 37 ಗ್ರಾಂ ಮದ್ದು. ಮಕ್ಕಳು ಆಟಿಕೆಯೆಂದು ಎತ್ತಿಕೊಂಡರು. ಮಕ್ಕಳನ್ನು ಇಷ್ಟು ಸಲೀಸಾಗಿ ಹತ್ತಿರಕ್ಕೆ ಕರೆಯುವ ಕಲೆ ಸೈನ್ಯದಲ್ಲಿ ಅಪರೂಪ. 2001ರಲ್ಲಿ ಅಮೆರಿಕ ಅದೇ ನೆಲದ ಮೇಲೆ ಗೊಂಚಲು ಬಾಂಬುಗಳನ್ನೂ ಊಟದ ಪೊಟ್ಟಣಗಳನ್ನೂ ಒಟ್ಟಿಗೇ ಉದುರಿಸಿತು. ಎರಡರ ಬಣ್ಣವೂ ಹಳದಿ. ಗುಂಡನ್ನೂ ಅನ್ನವನ್ನೂ ಭೇದವಿಲ್ಲದೆ ಬಡಿಸಿದ ಈ ಔದಾರ್ಯ ಕೆಲವರಿಗೆ ಹಿಡಿಸದೆ, ಕೊನೆಗೆ ಬಣ್ಣ ಬದಲಾಯಿಸಲು ತೀರ್ಮಾನಿಸಿದರು. ಬಾಂಬಿನದಲ್ಲ, ಊಟದ ಪೊಟ್ಟಣದ್ದು. ಲಾವೋಸ್‌ನ ಮೇಲೆ 1964ರಿಂದ 1973ರವರೆಗೆ ಬಿದ್ದ ಅಮೆರಿಕದ ಬಾಂಬು 20 ಲಕ್ಷ ಟನ್ನಿಗೂ ಹೆಚ್ಚು. ಅದರಲ್ಲಿದ್ದ ಸುಮಾರು 27 ಕೋಟಿ ಮರಿಬಾಂಬುಗಳ ಪೈಕಿ ನೂರಕ್ಕೆ 30ರಷ್ಟು ಸಿಡಿಯದೆ ಮಣ್ಣು ಸೇರಿದವು ಎಂದು ಅಂದಾಜು. ಆ ನಾಡಿನವರು ಅವನ್ನು ‘ಬಾಂಬಿ’ ಎಂದು ಮುದ್ದಾಗಿ ಕರೆಯುತ್ತಾರೆ. ಬಾನ್ ನಾಪಿಯಾ ಎಂಬ ಹಳ್ಳಿಯಲ್ಲಿ ಬಾಂಬಿನ ಅಲ್ಯುಮಿನಿಯಂ ಕರಗಿಸಿ ಚಮಚ ಎರಕ ಹೊಯ್ದು ಪ್ರವಾಸಿಗರಿಗೆ ಮಾರುತ್ತಾರೆ. ಯುದ್ಧದಿಂದ ಹಳ್ಳಿಗರ ಹೊಟ್ಟೆ ತುಂಬುವುದಿಲ್ಲ ಎಂದು ದೂರುವವರು ಆ ಚಮಚವನ್ನೊಮ್ಮೆ ಕೊಳ್ಳಬೇಕು.

ಪರಿಸರವಾದಿಗಳೂ ಈತನ ಪರವಾಗಿ ನಿಲ್ಲಬೇಕಾದವರು. ನೆಲಬಾಂಬಿದೆ ಎಂಬ ಕೆಂಪು ಫಲಕ ನಿಂತ ಜಾಗಕ್ಕೆ ರಿಯಲ್ ಎಸ್ಟೇಟಿನವರು ಬರುವುದಿಲ್ಲ, ರೆಸಾರ್ಟು ಏಳುವುದಿಲ್ಲ, ಒತ್ತುವರಿ ತೆರವಿನ ರಗಳೆಯಿಲ್ಲ. ಉಕ್ರೇನಿನಲ್ಲಿ 2023ರ ಹೊತ್ತಿಗೆ ಬಾಂಬಿನ ಶಂಕೆಯಿದ್ದ ನೆಲ ಸುಮಾರು 1,74,000 ಚದರ ಕಿ.ಮೀ. ಎಂದು ಅಲ್ಲಿನ ಸರ್ಕಾರ ಹೇಳಿತ್ತು. ನಮ್ಮ ಇಡೀ ಕರ್ನಾಟಕ 1,91,791 ಚದರ ಕಿ.ಮೀ. ಅಂದರೆ ಒಂದೆರಡು ಜಿಲ್ಲೆಗಳನ್ನು ಬಿಟ್ಟು ಬೀದರಿನಿಂದ ಚಾಮರಾಜನಗರದವರೆಗೆ ಎಲ್ಲೂ ನೇಗಿಲು ಹೂಡುವ ಮುನ್ನ ಯೋಚಿಸಬೇಕು. ಜಗತ್ತಿಗೆ ಗೋಧಿ ಬೆಳೆದು ದಣಿದ ಕಪ್ಪುಮಣ್ಣಿಗೆ ಇಂಥ ವಿಶ್ರಾಂತಿಯನ್ನು ಯಾವ ಕೃಷಿ ಇಲಾಖೆ ಕೊಡಿಸೀತು?

ನಾವು ಭಾರತೀಯರು ಹೊರಗಿನ ಉದಾಹರಣೆಗಳಿಗೇ ಬಾಯಿ ಬಿಡಬೇಕಿಲ್ಲ. 2001ರ ಡಿಸೆಂಬರಿನಲ್ಲಿ ಸಂಸತ್ತಿನ ಮೇಲೆ ದಾಳಿಯಾದ ಮೇಲೆ ‘ಆಪರೇಷನ್ ಪರಾಕ್ರಮ್’ ಶುರುವಾಯಿತು. ಮಂಗಳೂರಿನಲ್ಲಿ ಹುಟ್ಟಿದ ಜಾರ್ಜ್ ಫರ್ನಾಂಡಿಸ್ ಆಗ ರಕ್ಷಣಾ ಸಚಿವರು. ಜಮ್ಮುವಿನಿಂದ ರಾಜಸ್ಥಾನದವರೆಗೆ ಪಾಕಿಸ್ತಾನದ ಗಡಿಯುದ್ದಕ್ಕೂ, ರೈತರ ಹೊಲಗಳಲ್ಲೂ ನೆಲಬಾಂಬು ಹೂತರು. ಸುಮಾರು ಹತ್ತು ತಿಂಗಳು ಎರಡೂ ಸೇನೆಗಳು ಮುಖಾಮುಖಿ ನಿಂತು, 2002ರ ಅಕ್ಟೋಬರಿನಲ್ಲಿ ಹಿಂದೆಗೆಯುವ ತೀರ್ಮಾನವಾಯಿತು. ಯುದ್ಧ ಆಗಲೇ ಇಲ್ಲ. ಆದರೂ ಬಾಂಬು ಹೂಳುವಾಗ, ತೆಗೆಯುವಾಗ, ಮದ್ದು ಸಾಗಿಸುವಾಗ, ವಾಹನ ಉರುಳಿದಾಗ, ಹೀಗೆ 700ಕ್ಕೂ ಹೆಚ್ಚು ಯೋಧರು ತೀರಿಕೊಂಡರು. ಬಿತ್ತನೆ ತಪ್ಪಿದ ರೈತರು ಪರಿಹಾರಕ್ಕೆ ಅರ್ಜಿ ಬರೆದರು. ಹೂಳುವುದೂ ತೆಗೆಯುವುದೂ ಸೇನೆಯ ಎಂಜಿನಿಯರುಗಳ ಕಸುಬು. ನಮ್ಮ ಬೆಂಗಳೂರಿನ ಹಲಸೂರು ಕೆರೆಯ ಬದಿಯಲ್ಲಿ ಬೀಡುಬಿಟ್ಟಿರುವ ಮದ್ರಾಸ್ ಸ್ಯಾಪರ್ಸ್ ತಲೆಮಾರುಗಳಿಂದ ಕಲಿಯುತ್ತಿರುವುದೂ ಇದನ್ನೇ. ತಾನು ಹೂತದ್ದನ್ನು ತಾನೇ ಕೈಯಿಂದ ತೆಗೆಯುವವನಿಗೆ ಈ ಯೋಧನ ಗುಣ ಚೆನ್ನಾಗಿ ಗೊತ್ತು: ಸ್ವಂತ ಪಡೆಯವನೆಂಬ ಪಕ್ಷಪಾತ ಈತನ ಹತ್ತಿರ ನಡೆಯುವುದಿಲ್ಲ.

ಇಷ್ಟು ಗುಣವಿದ್ದ ಮೇಲೆ ಹೊಟ್ಟೆಕಿಚ್ಚಿನವರು ಹುಟ್ಟಿಕೊಳ್ಳದಿರುತ್ತಾರೆಯೆ? 1997ರ ಜನವರಿಯಲ್ಲಿ ಬ್ರಿಟನ್ನಿನ ರಾಜಕುಮಾರಿ ಡಯಾನಾ ಅಂಗೋಲದ ಬಾಂಬುಬಯಲಿನಲ್ಲಿ ನಡೆದು ಈತನ ಮಾನ ಕಳೆದರು. ಅದೇ ಡಿಸೆಂಬರಿನಲ್ಲಿ ಕೆನಡಾದ ಒಟ್ಟಾವಾದಲ್ಲಿ ನಿಷೇಧ ಒಪ್ಪಂದಕ್ಕೆ ಸಹಿ ಬಿತ್ತು. ನಿಷೇಧಕ್ಕೆ ಹೋರಾಡಿದ ಜೋಡಿ ವಿಲಿಯಮ್ಸ್ ಮತ್ತು ಅವರ ಸಂಘಟನೆಗೆ ಆ ವರ್ಷದ ನೊಬೆಲ್ ಶಾಂತಿ ಪ್ರಶಸ್ತಿಯೂ ಹೋಯಿತು. ಪುಣ್ಯಕ್ಕೆ ಅಮೆರಿಕ, ರಷ್ಯಾ, ಚೀನಾ, ಭಾರತ, ಪಾಕಿಸ್ತಾನ ಸಹಿ ಹಾಕಲಿಲ್ಲ. ಬೇರೆ ಯಾವ ವಿಷಯಕ್ಕೂ ಒಂದೇ ಬದಿಗೆ ಕೂರದವರನ್ನು ಒಂದೇ ಚಾಪೆಯ ಮೇಲೆ ಕೂರಿಸಿದ ಕೀರ್ತಿ ಈತನದು. 2024ರಲ್ಲಿ ಅಮೆರಿಕ ಉಕ್ರೇನಿಗೆ ಕೊಡಲು ಒಪ್ಪಿದ ನೆಲಬಾಂಬುಗಳು ಬ್ಯಾಟರಿ ಮುಗಿದ ಮೇಲೆ ಸಿಡಿಯುವುದಿಲ್ಲವಂತೆ. ಸ್ವಯಂ ನಿವೃತ್ತಿಯ ಈ ಚಾಳಿ ಹಳೆಯ ತಲೆಮಾರಿನ ನಿಷ್ಠಾವಂತರಿಗೆ ಅವಮಾನವೇ ಸರಿ.

ಈಗ ಕಾಲ ಮತ್ತೆ ಕೂಡಿಬಂದಿದೆ. ಎಸ್ಟೋನಿಯಾ, ಲಾಟ್ವಿಯಾ, ಲಿಥುವೇನಿಯಾ, ಫಿನ್‌ಲ್ಯಾಂಡ್, ಪೋಲೆಂಡ್ ಐದೂ 2025ರಲ್ಲಿ ಒಪ್ಪಂದದಿಂದ ಹೊರಬರುವುದಾಗಿ ವಿಶ್ವಸಂಸ್ಥೆಗೆ ತಿಳಿಸಿದವು. ರಷ್ಯಾ ಉಕ್ರೇನಿಗೆ ನುಗ್ಗಿದ್ದನ್ನು ಕಣ್ಣಾರೆ ಕಂಡ ನೆರೆಯವರ ಭಯ ಸುಳ್ಳಲ್ಲ. ಭಯವಿಲ್ಲದ ಕಡೆ ಈತನಿಗೆ ಎಂದೂ ಕೆಲಸ ಸಿಕ್ಕಿಲ್ಲ. ನಿಂತಿದ್ದ ನೇಮಕಾತಿಗೆ ದಾರಿ ತೆರೆದಿದೆ. ಹೊಸದಾಗಿ ಸೇರುವ ಯೋಧರಲ್ಲಿ ಬಹಳಷ್ಟು ಮಂದಿ ವೈರಿ ಸೈನಿಕನ ಬೂಟನ್ನು ಕಾಣದೆಯೇ ಇರಬಹುದು. ಅವರ ಪಾಲಿನ ಶತ್ರು ಇನ್ನೂ ಹುಟ್ಟಿರಲಿಕ್ಕಿಲ್ಲ. ಅವಸರವಿಲ್ಲ, ಅವರು ಕಾಯುತ್ತಾರೆ.

ಹಣಕಾಸು ಇಲಾಖೆಗಳಿಗೆ ಒಂದೇ ವಿನಂತಿ. ಬಾಂಬು ತೆಗೆಯುವ ಸಾವಿರ ಡಾಲರ್, ಆರು ತಿಂಗಳಿಗೊಂದು ಕಾಲು, ಎಮ್ಮೆಯ ಬೆಲೆ, ಶಾಲೆ ಬಿಟ್ಟ ಹುಡುಗಿಯ ಕೂಲಿ, ಇವನ್ನೆಲ್ಲ ರಕ್ಷಣಾ ಬಜೆಟ್ಟಿಗೆ ಸೇರಿಸಿ 3 ಡಾಲರಿನ ಚೊಕ್ಕ ಲೆಕ್ಕವನ್ನು ಕೆಡಿಸಬೇಡಿ. ಇವನ್ನು ಕಟ್ಟಬೇಕಾದವರು ಮುಂದೆ ಹುಟ್ಟುತ್ತಾರೆ, 5 ಕೆ.ಜಿ. ತುಂಬಿದ ಮೇಲೆ ಅವರಿಂದಲೇ ವಸೂಲು ಮಾಡಿದರಾಯಿತು.